ಶರಣನಿಗೆ ವಂಶಾವಳಿ ಬೇಕೆ?

ಶ್ರೀಗುರುವಿನ ಹಸ್ತದಿಂದ ಇಷ್ಟಲಿಂಗವನ್ನು ಪಡೆದ ಭಕ್ತನಿಗೆ ಹಿಂದಣ ಜನ್ಮವೆಂಬುದಿಲ್ಲ. ಅವನು ಗುರುಕರಜಾತನು. ಗುರುವೇ ಅವನ ತಂದೆ, ಲಿಂಗವೇ ಅವನ ಪ್ರಾಣ, ಜಂಗಮವೇ ಅವನ ಬಂಧುವರ್ಗ. ಜನನ, ಮರಣ, ರಜ, ಉಚ್ಛಿಷ್ಟ, ಜಾತಿ ಎಂಬ ಪಂಚಸೂತಕಗಳು ಅವನನ್ನು ಮುಟ್ಟಲಾರವು. ಇದು ನಮ್ಮ ಮಕ್ಕಳಿಗೆ ಮೊದಲ ಪಾಠದಲ್ಲಿಯೇ ಹೇಳಿಕೊಡುವ ತತ್ತ್ವ. ಹೀಗಿರುವಲ್ಲಿ, ನಮ್ಮ ಮುತ್ತಜ್ಜನು ಯಾರು, ಅವನು ಯಾವ ಊರಿನಿಂದ ಬಂದನು, ಅವನ ಅಡ್ಡಹೆಸರು ಹೇಗೆ ಬಂದಿತು ಎಂದು ಹಳೆಯ ಪೆಟ್ಟಿಗೆಗಳನ್ನು ತೆಗೆದು, ವೃದ್ಧರನ್ನು ಕೇಳಿ, ಹೆಳವರ ಹೊತ್ತಗೆಗಳನ್ನು ಓದಿಸಿ ವಂಶಾವಳಿಯನ್ನು ಬರೆಯಿಸಿಕೊಳ್ಳುವುದು ಶರಣಮಾರ್ಗಕ್ಕೆ ಒಪ್ಪುವ ಕಾರ್ಯವೇ? ಕುಲವನ್ನು ಕಳೆದುಕೊಂಡವನು ಕುಲದ ಬೇರನ್ನು ಅಗೆಯುವುದೇಕೆ?

ಪಟ್ಟಣಗಳನ್ನೂ ಪರದೇಶಗಳನ್ನೂ ಸೇರಿದ ನಮ್ಮ ಮನೆಗಳ ಮಕ್ಕಳು ಈಚೆಗೆ ಇಂಥ ಶೋಧನೆಯಲ್ಲಿ ಬಹಳ ಆಸಕ್ತರಾಗಿರುವುದರಿಂದ ಈ ಪ್ರಶ್ನೆ ಮತ್ತೆ ಮತ್ತೆ ಏಳುತ್ತಿದೆ. ಅದನ್ನು ಹಗುರವಾಗಿ ತಳ್ಳಿಹಾಕುವಂತಿಲ್ಲ. ಆಕ್ಷೇಪಣೆ ಮಾಡುವವರ ಪಕ್ಷದಲ್ಲಿ ಬಲವಾದ ಯುಕ್ತಿಗಳಿವೆ. ಅಷ್ಟಮದಗಳನ್ನು ಎಣಿಸುವಾಗ ಹಿರಿಯರು ಕುಲಮದವನ್ನೇ ಮೊದಲು ಇಟ್ಟರು; ಧನಮದ ರೂಪಮದಗಳು ಅದರ ಹಿಂದೆ ಬರುತ್ತವೆ. ಧನವು ಹೋದರೆ ಧನಮದವೂ ಹೋದೀತು, ವಯಸ್ಸಾದರೆ ರೂಪಮದವು ತಾನಾಗಿ ಇಳಿದೀತು. ಕುಲಮದಕ್ಕೆ ಮಾತ್ರ ಇಂಥ ಕೊನೆಯಿಲ್ಲ. ಹೊಟ್ಟೆಗೆ ಇಲ್ಲದವನೂ ಅದನ್ನು ಹೊದ್ದುಕೊಂಡು ಮಲಗಬಲ್ಲನು. ಇದಕ್ಕಿಂತ ಬಲವಾದ ಮತ್ತೊಂದು ಯುಕ್ತಿಯೂ ಉಂಟು. ಲಿಂಗವಂತನಾದವನ ಪೂರ್ವಾಶ್ರಯವನ್ನು ಎತ್ತಿ ಆಡುವುದು ಶರಣರ ದೃಷ್ಟಿಯಲ್ಲಿ ದ್ರೋಹವೆನಿಸುತ್ತದೆ. ವಂಶಾವಳಿಯನ್ನು ಹಿಂದಕ್ಕೆ ಹಿಂದಕ್ಕೆ ಎಳೆದುಕೊಂಡು ಹೋದರೆ ಕಡೆಗೆ ಮುಟ್ಟುವುದು ಪೂರ್ವಾಶ್ರಯವನ್ನೇ ಅಲ್ಲವೇ?

ಇಷ್ಟನ್ನೂ ಒಪ್ಪಿಕೊಂಡು, ಶರಣರು ಸ್ವತಃ ಹೇಗೆ ನಡೆದುಕೊಂಡರೆಂಬುದನ್ನು ನೋಡೋಣ.

ಬಸವಣ್ಣನವರು ಬಾಗೇವಾಡಿಯ ಅಗ್ರಹಾರದಲ್ಲಿ ಬ್ರಾಹ್ಮಣ ದಂಪತಿಗಳ ಮಗನಾಗಿ ಹುಟ್ಟಿದವರು. ಅವರು ಆ ವಂಶವನ್ನು ಬಿಟ್ಟರು ಎಂಬಷ್ಟಕ್ಕೆ ನಮ್ಮಲ್ಲಿ ಅನೇಕರು ನಿಂತುಬಿಡುತ್ತಾರೆ. ಆದರೆ ಅವರು ನಿರ್ವಂಶನಾಗಿ ಉಳಿಯಲಿಲ್ಲ. ಮಾದಾರ ಚೆನ್ನಯ್ಯನನ್ನೂ ಡೋಹರ ಕಕ್ಕಯ್ಯನನ್ನೂ ತನ್ನ ಹಿರಿಯರೆಂದು ತಂದೆ ಚಿಕ್ಕಪ್ಪಂದಿರ ಸ್ಥಾನದಲ್ಲಿ ಇಟ್ಟುಕೊಂಡು, ತನಗೊಂದು ಮನೆತನವನ್ನು ಹೇಳಿಕೊಂಡರು. ರಾಜನ ಭಂಡಾರಿಯಾಗಿದ್ದವನು, ಚರ್ಮದ ಕಾಯಕದವರ ಮನೆಯ ಮಗನೆಂದು ತನ್ನ ವಂಶಾವಳಿಯನ್ನು ತಿರುಗಿ ಬರೆದುಕೊಂಡನು! ಹಿರಿಯರ ನೆನಪನ್ನೇ ಬೇಡವೆಂದಿದ್ದರೆ ಈ ಶ್ರಮವೇಕೆ ಬೇಕಿತ್ತು? ಅವರು ನಿರಾಕರಿಸಿದುದು ರಕ್ತವೊಂದೇ ಮನುಷ್ಯನ ಮೂಲವೆಂಬ ಮಾತನ್ನು. ನಾನು ಯಾರ ಋಣದಿಂದ ಇಂಥವನಾದೆ ಎಂಬ ವಿಚಾರವನ್ನು ಅವರು ಎಂದೂ ನಿರಾಕರಿಸಲಿಲ್ಲ.

ಉಳಿದ ಶರಣರ ಹೆಸರುಗಳನ್ನೇ ನೋಡಿರಿ. ಮಡಿವಾಳ ಮಾಚಿದೇವ, ಅಂಬಿಗರ ಚೌಡಯ್ಯ, ನುಲಿಯ ಚಂದಯ್ಯ, ಹಡಪದ ಅಪ್ಪಣ್ಣ, ಆಯ್ದಕ್ಕಿ ಲಕ್ಕಮ್ಮ, ಮೇದಾರ ಕೇತಯ್ಯ. ಇವರೆಲ್ಲ ಅನುಭವಮಂಟಪವನ್ನು ಸೇರಿದ ಮೇಲೆ ತಮ್ಮ ಹೆಸರಿನ ಮುಂದಿನ ಆ ಮಾತನ್ನು ಬಿಟ್ಟುಬಿಡಬಹುದಾಗಿತ್ತು, ಬಿಡಲಿಲ್ಲ. ಸೂಳೆ ಸಂಕವ್ವೆಯಂಥ ಶರಣೆಯ ಹೆಸರೂ ಹಾಗೆಯೇ ನಮ್ಮವರೆಗೆ ಬಂದಿದೆ. ನಂತರದ ಲಿಪಿಕಾರರು ಆ ಹೆಸರನ್ನು ತಿದ್ದಿ ಮರ್ಯಾದೆಯ ಹೆಸರೊಂದನ್ನು ಇಡಬೇಕೆಂದು ಯೋಚಿಸಲಿಲ್ಲವೆಂಬುದು ಅವರ ದೊಡ್ಡತನ. ಪೂರ್ವಾಶ್ರಯವನ್ನು ಕುರಿತ ನಿಷೇಧವನ್ನು ಇಲ್ಲಿ ಸರಿಯಾಗಿ ಅರಿತುಕೊಳ್ಳಬೇಕು. ಪರರ ಪೂರ್ವಾಶ್ರಯವನ್ನು ಕೇಳಿ ಅವರನ್ನು ತೂಗುವುದು ದ್ರೋಹ. ತನ್ನ ಪೂರ್ವಾಶ್ರಯವನ್ನು ತಾನೇ ನಿಸ್ಸಂಕೋಚವಾಗಿ ಹೇಳಿಕೊಳ್ಳುವುದು ಶರಣಲಕ್ಷಣ. ಈ ಎರಡನ್ನೂ ಒಂದೇ ಎಂದು ತಿಳಿದುದರಿಂದ ನಮ್ಮಲ್ಲಿ ಬಹಳ ಗೊಂದಲವಾಗಿದೆ.

ಪ್ರಸಂಗವಶಾತ್ ಒಂದು ಮಾತು. ಸಂಸ್ಕೃತದಲ್ಲಿ ವಂಶವೆಂದರೆ ಬಿದಿರು ಎಂದೂ ಅರ್ಥ. ಗಿಣ್ಣಿನ ಮೇಲೆ ಗಿಣ್ಣಾಗಿ ಬೆಳೆಯುವ ಬಿದಿರಿನಂತೆ ತಲೆಮಾರಿನ ಮೇಲೆ ತಲೆಮಾರು ಬೆಳೆಯುವುದರಿಂದ ಸಂತತಿಗೆ ಆ ಹೆಸರು ಸಂದಿತು. ಮೇದಾರ ಕೇತಯ್ಯನು ದಿನವೂ ಕಡಿದು ಸೀಳಿ ಬುಟ್ಟಿ ಮೊರಗಳನ್ನು ಹೆಣೆಯುತ್ತಿದ್ದುದು ಈ ವಂಶವನ್ನೇ! ಎಷ್ಟೇ ಎತ್ತರ ಬೆಳೆದ ಬಿದಿರೂ ಒಳಗೆ ಪೊಳ್ಳು. ಅದನ್ನು ಸೀಳಿ ಜಂಗಮದ ದಾಸೋಹಕ್ಕೆ ಒದಗುವ ಬುಟ್ಟಿಯನ್ನು ಮಾಡಿದಾಗಲೇ ಅದು ಸಾರ್ಥಕ. ತರಗತಿಯಲ್ಲಿ ಈ ಶಬ್ದವು ಬಂದಾಗಲೆಲ್ಲ ನನಗೆ ಕೇತಯ್ಯನ ನೆನಪಾಗದೆ ಇರದು. ವೀರಶೈವರಲ್ಲಿ ಹೇಳುವ ನಂದಿ, ಭೃಂಗಿ, ವೀರ, ವೃಷಭ, ಸ್ಕಂದ ಎಂಬ ಗೋತ್ರಗಳೂ ಗುರುಪರಂಪರೆಯನ್ನು ಅನುಸರಿಸಿದವುಗಳೇ ಹೊರತು ಬೀಜವನ್ನಲ್ಲ.

ಇನ್ನು ನಮ್ಮ ನಾಡಿನ ವಂಶಾವಳಿಗಳ ವಿಚಾರಕ್ಕೆ ಬರೋಣ. ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಬೆಳೆದವರಿಗೆ ಹೆಳವರ ಪರಿಚಯವನ್ನು ಮಾಡಿಕೊಡಬೇಕಾಗಿಲ್ಲ. ಸಿಂಗರಿಸಿದ ಎತ್ತಿನ ಮೇಲೆ ಕುಳಿತು, ಕಾಲುಗಳಿಗೆ ಕಂಬಳಿ ಹೊದ್ದು, ಗಂಟೆಯನ್ನು ನುಡಿಸುತ್ತ ಮನೆಯ ಮುಂದೆ ಬಂದು ನಿಂತು, ಆ ಮನೆತನದ ಮೂಲಪುರುಷನಿಂದ ಹಿಡಿದು ತೊಟ್ಟಿಲ ಕೂಸಿನವರೆಗೆ ಹೆಸರುಗಳನ್ನು ಒಂದೇ ಉಸಿರಿನಲ್ಲಿ ಹೇಳುವವನೇ ಹೆಳವನು. ಹೆಳವ ಎಂದರೆ ಕಾಲಿಲ್ಲದವನು. ತಮ್ಮ ಮೂಲಪುರುಷನು ಕಾಲಿಲ್ಲದವನಾಗಿದ್ದನೆಂದೂ ನಡೆಯಲಾರದ ಅವನಿಗೆ ನಂದಿಯೇ ವಾಹನವಾಗಿ ದೊರೆಯಿತೆಂದೂ ಅವರಲ್ಲಿ ಕಥೆಯುಂಟು. ಒಬ್ಬೊಬ್ಬ ಹೆಳವನಿಗೆ ಇಂತಿಂಥ ಊರುಗಳು, ಇಂತಿಂಥ ಮನೆಗಳು ಎಂದು ಹಂಚಿಕೆಯಿದೆ. ಒಬ್ಬನ ಮನೆಗಳಿಗೆ ಇನ್ನೊಬ್ಬನು ಹೋಗುವುದಿಲ್ಲ. ಕೆಲವು ವರ್ಷಗಳಿಗೊಮ್ಮೆ ಬಂದು, ಹುಟ್ಟಿದವರ ಹೆಸರನ್ನು ಸೇರಿಸಿಕೊಂಡು, ಕಾಳು, ಬಟ್ಟೆ, ಪಾತ್ರೆ, ಕೆಲವೊಮ್ಮೆ ಕರುವನ್ನೂ ಕಾಣಿಕೆಯಾಗಿ ಪಡೆದು ಮುಂದಕ್ಕೆ ಹೋಗುತ್ತಾನೆ. ಮೊದಲು ಕಂಠದಲ್ಲಿಯೂ ಓಲೆಯಲ್ಲಿಯೂ ಇದ್ದುದು ಈಗ ದಪ್ಪ ಕಾಗದದ ಹೊತ್ತಗೆಗಳಲ್ಲಿದೆ. ಯಾವ ಬರಗಾಲದಲ್ಲಿ ಮನೆತನವು ಯಾವ ಊರನ್ನು ಬಿಟ್ಟಿತು, ಅಣ್ಣತಮ್ಮಂದಿರು ಎಲ್ಲಿ ಬೇರೆಯಾದರು ಎಂಬ ಸಂಗತಿಗಳೂ ಅಲ್ಲಿ ಸಿಗುತ್ತವೆ. ಅಕ್ಷರಜ್ಞಾನವಿಲ್ಲದ ಒಕ್ಕಲಿಗನ ಮನೆಗೂ ಹೀಗೆ ಒಂದು ಚರಿತ್ರೆಯಿರುವುದು ಎಷ್ಟು ದೇಶಗಳಲ್ಲಿ ಉಂಟು? ರಾಜರಿಗೆ ಶಾಸನಗಳಿದ್ದರೆ ನೇಗಿಲಯೋಗಿಗೆ ಹೆಳವನಿದ್ದನು. ಆ ಮನೆಗಳ ಹುಡುಗರು ಈಗ ಬೇರೆ ಉದ್ಯೋಗಗಳನ್ನು ಹಿಡಿಯುತ್ತಿರುವುದು ಸಹಜವೇ ಆಗಿದೆ. ಯಾರ ಮಕ್ಕಳೂ ನಮ್ಮ ವಂಶದ ನೆನಪಿಗಾಗಿ ಬೀದಿ ಅಲೆಯಬೇಕೆಂದು ಬಯಸುವ ಅಧಿಕಾರ ನಮಗಿಲ್ಲ.

ನಿಜವಾದ ಪರೀಕ್ಷೆ ಇರುವುದು ಹೊತ್ತಗೆಯನ್ನು ತೆರೆದ ಮೇಲೆ. ಒಂದು ಮನೆತನವನ್ನು ಊಹಿಸಿಕೊಳ್ಳೋಣ. ಊರಲ್ಲಿ ಗೌರವವುಳ್ಳ ಮನೆ, ಹೊಲಗದ್ದೆಗಳಿವೆ, ಮಗಳಿಗೆ ಸಂಬಂಧ ಬಂದಿದೆ. ಹೆಳವನು ಓದುತ್ತ ಓದುತ್ತ, ಒಂಬತ್ತನೆಯ ತಲೆಮಾರಿನ ಹಿರಿಯನು ಬುಟ್ಟಿ ಹೆಣೆಯುವವನಾಗಿದ್ದನೆಂದೂ, ಊರಿಗೆ ಬಂದ ಜಂಗಮರೊಬ್ಬರಿಂದ ಲಿಂಗದೀಕ್ಷೆಯನ್ನು ಪಡೆದನೆಂದೂ ಹೇಳುತ್ತಾನೆ. ಮನೆಯ ಯಜಮಾನನು ಹೆಳವನಿಗೆ ಒಂದು ಸೇರು ಕಾಳನ್ನು ಹೆಚ್ಚಾಗಿ ಅಳೆದು, ಬೀಗರ ಮುಂದೆ ಆ ತಲೆಮಾರನ್ನು ಬಿಟ್ಟು ಓದೆಂದು ಕಿವಿಯಲ್ಲಿ ಹೇಳುತ್ತಾನೆ. ಮುಂದಿನ ಸಲ, ಅದನ್ನು ಹೊತ್ತಗೆಯಿಂದಲೇ ತೆಗೆದುಬಿಡೆನ್ನುತ್ತಾನೆ. ಇಂಥದು ನಮ್ಮಲ್ಲಿ ಎಲ್ಲಿಯೂ ನಡೆಯುವುದಿಲ್ಲವೆಂದು ಆಣೆಯಿಟ್ಟು ಹೇಳುವ ಧೈರ್ಯ ಯಾರಿಗಿದೆ?

ಆ ಯಜಮಾನನು ಅಳಿಸಿದುದು ಏನನ್ನು? ಒಬ್ಬ ಮೇದಾರನ ಹೆಸರನ್ನು ಮಾತ್ರವೆಂದು ಅವನು ತಿಳಿದಿದ್ದಾನೆ. ವಿಚಾರಿಸಿ ನೋಡಿದರೆ ಅವನು ಅಳಿಸಿದುದು ಗುರುವಿನ ಕಾರುಣ್ಯವನ್ನು. ಆ ಮನೆತನದ ಚರಿತ್ರೆಯಲ್ಲಿ ಆದ ಅತ್ಯಂತ ದೊಡ್ಡ ಘಟನೆಯೆಂದರೆ ಆ ದಿನ ಆ ಹಿರಿಯನ ಅಂಗೈಗೆ ಲಿಂಗವು ಬಂದುದು. ಅದಕ್ಕೆ ಹಿಂದಿನದನ್ನು ತೆಗೆದುಹಾಕಿದರೆ ದೀಕ್ಷೆಯೂ ಹೋಯಿತು. ಉಳಿಯುವುದು, ನಾವು ಮೊದಲಿನಿಂದಲೂ ಹೀಗೆಯೇ ಇದ್ದವರು, ಹುಟ್ಟಿನಿಂದಲೇ ಲಿಂಗವಂತರು ಎಂಬ ಹೆಮ್ಮೆಯ ಮಾತು. ಯಾವುದನ್ನು ಶರಣರು ಜಾತಿಸೂತಕವೆಂದರೋ ಅದು ಇದೇ. ಲಿಂಗವಂತಿಕೆಯು ಆಗ ಸಂಸ್ಕಾರದಿಂದ ಬಂದದ್ದಾಗದೆ ಬರಿಯ ರಕ್ತದಿಂದ ಬಂದದ್ದಾಗುತ್ತದೆ. ಪೂರ್ವಾಶ್ರಯವನ್ನು ಮುಚ್ಚಿಡುವ ನೆಪದಲ್ಲಿ ಅವನು ಪೂರ್ವಾಶ್ರಯದ ತೂಕವನ್ನೇ ಒಪ್ಪಿಕೊಂಡನು. ಕೇತಯ್ಯನ ಜಯಂತಿಯಲ್ಲಿ ಕೈಮುಗಿದು, ಮನೆಯ ಕೇತಯ್ಯನನ್ನು ಹೊತ್ತಗೆಯಿಂದ ಹೊರಹಾಕುವುದು ಎಂಥ ಭಕ್ತಿ?

ಇಲ್ಲಿ ಒಬ್ಬ ಗೃಹಸ್ಥನು ನನ್ನನ್ನು ತಡೆದು ಕೇಳಬಹುದು: ನಿಮ್ಮ ಮಾತು ಸರಿ, ಆದರೆ ಆ ಒಂದು ಸಾಲಿನಿಂದ ನನ್ನ ಮಗಳ ಸಂಬಂಧವು ಮುರಿದರೆ ಅವಳ ಕಣ್ಣೀರನ್ನು ಯಾವ ತತ್ತ್ವವು ಒರೆಸುತ್ತದೆ? ಈ ಪ್ರಶ್ನೆಗೆ ಸುಲಭವಾದ ಉತ್ತರವಿಲ್ಲ; ಇದೆಯೆಂದು ಹೇಳುವವರು ಹೆಣ್ಣು ಹೆತ್ತವರ ಸಂಕಟವನ್ನು ಅರಿಯದವರು. ನನ್ನ ಅಭಿಪ್ರಾಯವಿಷ್ಟು. ಕೇಳದೆ ಇದ್ದುದನ್ನು ಬೀಗರ ಮುಂದೆ ಸಾರಿ ಹೇಳುವ ಹೊಣೆ ತಂದೆಗೆ ಇಲ್ಲ. ಭಕ್ತನ ಪೂರ್ವಾಶ್ರಯವನ್ನು ಕೇಳಬಾರದೆಂಬ ನಿಷೇಧವು ಬೀಗರಿಗೂ ಅನ್ವಯಿಸುತ್ತದೆ. ಒಂಬತ್ತು ತಲೆಮಾರಿನ ಹಿಂದಿನ ಕಾಯಕವನ್ನು ವಿಚಾರಿಸಿ ಹೆಣ್ಣನ್ನು ತೂಗುವವರೇ ಮೊದಲ ಅಪರಾಧಿಗಳು. ಅವರು ಕೊರಳಲ್ಲಿ ಲಿಂಗವನ್ನು ಧರಿಸಿದ್ದರೂ ಕೈಯಲ್ಲಿ ಹಿಡಿದಿರುವುದು ತಕ್ಕಡಿಯನ್ನು. ಮೌನವನ್ನು ಕ್ಷಮಿಸಬಹುದು. ಆದರೆ ಹೊತ್ತಗೆಯನ್ನು ಕೆಡಿಸುವುದು ಬೇರೆ ಮಾತು. ಮೌನವು ಇಂದಿನ ಒಂದು ಸಂಕಟಕ್ಕೆ ಸಂಬಂಧಿಸಿದ್ದು. ಅಳಿಸಿದ ಸಾಲು ಮುಂದಿನ ಎಲ್ಲ ತಲೆಮಾರುಗಳಿಗೂ ಹೇಳಿದ ಸುಳ್ಳು. ಅದರಂತೆಯೇ, ನಮ್ಮ ಶೋಧನೆಯಲ್ಲಿ ನೆರೆಮನೆಯವರ ಸಂಗತಿಯು ಕಣ್ಣಿಗೆ ಬಿದ್ದರೆ ಅದನ್ನು ಬೀದಿಗೆ ತರುವ ಅಧಿಕಾರವೂ ನಮಗಿಲ್ಲ. ಅದು ಅವರು ಹೇಳಿಕೊಳ್ಳಬೇಕಾದದ್ದು.

ಅಳಿಸುವ ಮಾತು ಬಂದುದರಿಂದ ಹಳೆಯ ಬರವಣಿಗೆಯ ಸಾಧನಗಳು ನೆನಪಿಗೆ ಬರುತ್ತವೆ. ವ್ಯಾಪಾರಸ್ಥರ ಮನೆಗಳಲ್ಲಿ ಕಡತಗಳಿದ್ದವು. ಬಟ್ಟೆಗೆ ಹುಣಸೆಬೀಜದ ಸರಿಯನ್ನೂ ಇದ್ದಿಲಿನ ಪುಡಿಯನ್ನೂ ಬಳಿದು ಒಣಗಿಸಿ ಮಡಿಸಿದ ಕಪ್ಪು ಕಡತದ ಮೇಲೆ ಬಳಪದಿಂದ ಬರೆಯುತ್ತಿದ್ದರು. ಬೇಡವಾದಾಗ ಒರೆಸಿ ಬೇರೆ ಬರೆಯಬಹುದಾಗಿತ್ತು. ಓಲೆಗರಿಯದು ಹಾಗಲ್ಲ. ಕಂಠದಿಂದ ಕೊರೆದು ಮಸಿಯನ್ನು ತೀಡಿದ ಮೇಲೆ ಅಕ್ಷರವು ಓಲೆಯ ಮೈಯಲ್ಲಿಯೇ ಸೇರಿಹೋಗುತ್ತದೆ, ಒರೆಸಿದರೆ ಹೋಗದು. ಲೆಕ್ಕವನ್ನು ಕಡತದಲ್ಲಿ ಬರೆದ ನಮ್ಮ ಹಿರಿಯರು ವಚನಗಳನ್ನು ಓಲೆಯಲ್ಲಿ ಬರೆದರು.

ಆ ವಚನಗಳಾದರೂ ನಮಗೆ ಹೇಗೆ ದೊರೆತವು? ಕಲ್ಯಾಣದ ಕ್ರಾಂತಿಯಾದ ಮೇಲೆ ಚೆನ್ನಬಸವಣ್ಣ, ಅಕ್ಕನಾಗಮ್ಮ ಮೊದಲಾದ ಶರಣರು ವಚನದ ಕಟ್ಟುಗಳನ್ನು ಹೊತ್ತುಕೊಂಡು ಉಳವಿಯ ಕಡೆಗೆ ನಡೆದರೆಂದು ಪರಂಪರೆ ಹೇಳುತ್ತದೆ. ಹೊನ್ನಿನ ಗಂಟನ್ನಲ್ಲ, ಓಲೆಯ ಕಟ್ಟನ್ನು! ಬಳಿಕ ವಿಜಯನಗರದ ಪ್ರೌಢದೇವರಾಯನ ಕಾಲದಲ್ಲಿ ಲಕ್ಕಣ್ಣ ದಂಡೇಶ, ಜಕ್ಕಣಾರ್ಯ ಮುಂತಾದವರು ಶರಣರ ಚರಿತ್ರೆಯನ್ನೂ ವಚನಗಳನ್ನೂ ಮತ್ತೆ ಕೂಡಿಸಿದರು. ಶಿವಗಣಪ್ರಸಾದಿ ಮಹಾದೇವಯ್ಯನವರು ಶೂನ್ಯಸಂಪಾದನೆಯನ್ನು ಜೋಡಿಸಿದರು. ಇವು ದೊಡ್ಡವರ ಹೆಸರುಗಳು. ಆದರೆ ಅವರಿಂದ ನಮ್ಮವರೆಗೆ ಬರುವ ಐದುನೂರು ವರ್ಷಗಳಲ್ಲಿ, ಹುಳು ತಿಂದ ಓಲೆಯನ್ನು ನೋಡಿ ಹೊಸ ಓಲೆಗೆ ಪ್ರತಿಮಾಡಿದವರು ಹೆಸರಿಲ್ಲದ ಅಯ್ಯಗಳು, ಶೆಟ್ಟರು, ಗೌಡರು. ಮಠಗಳಲ್ಲಿ ಎಷ್ಟೋ ಅಷ್ಟೇ ಮನೆಗಳಲ್ಲಿಯೂ ಆ ಕೆಲಸ ನಡೆಯಿತು. ಪ್ರತಿಯ ಕೊನೆಯಲ್ಲಿ ತಮ್ಮ ತಂದೆಯ ಹೆಸರು, ಊರು, ಸಂವತ್ಸರ, ತಿಥಿಗಳನ್ನು ಒಂದು ಸಾಲಿನಲ್ಲಿ ಬರೆದು, ತಪ್ಪಿದ್ದರೆ ತಿದ್ದಿಕೊಳ್ಳಬೇಕೆಂದು ಬೇಡಿಕೊಂಡವರೂ ಅವರಲ್ಲಿದ್ದಾರೆ. ಎಷ್ಟೋ ಮನೆತನಗಳ ಅತಿ ಹಳೆಯ ದಾಖಲೆಯೆಂದರೆ ಆ ಒಂದು ಸಾಲು. ವಂಶದ ಶೋಧನೆಯೂ ವಚನದ ಶೋಧನೆಯೂ ಒಂದೇ ಅಟ್ಟದ ಮೇಲೆ, ಒಂದೇ ಪೆಟ್ಟಿಗೆಯಲ್ಲಿ ಕೂಡುವುದು ಹೀಗೆ.

ಫ. ಗು. ಹಳಕಟ್ಟಿಯವರು ಇದನ್ನು ಚೆನ್ನಾಗಿ ಅರಿತಿದ್ದರು. 1880ರಲ್ಲಿ ಧಾರವಾಡದಲ್ಲಿ ಹುಟ್ಟಿ ವಿಜಾಪುರದಲ್ಲಿ ವಕೀಲಿಯನ್ನು ಮಾಡುತ್ತಿದ್ದ ಅವರು ಮನೆಮನೆಗೆ ಹೋಗಿ ಓಲೆಗಳನ್ನು ಬೇಡಿದರು. ವಿಭೂತಿ ಹಚ್ಚಿ ಹೂವೇರಿಸಿ ಪೂಜಿಸುತ್ತಿದ್ದ ಕಟ್ಟುಗಳನ್ನು ಬಿಚ್ಚಿ ನೋಡಿದವರಿಲ್ಲದ ಕಾಲವದು. ಓದದೆ ಪೂಜಿಸಿದ ಗ್ರಂಥವನ್ನು ಕಡೆಗೆ ಓದುವುದು ಗೆದ್ದಲೊಂದೇ. 1923ರಲ್ಲಿ ಅವರ ವಚನಶಾಸ್ತ್ರಸಾರದ ಮೊದಲ ಭಾಗವು ಹೊರಬಂದಿತು. ಅಚ್ಚಿನ ಕೆಲಸಕ್ಕೆಂದು ಸ್ವಂತ ಮನೆಯನ್ನು ಮಾರಿ 1925ರಲ್ಲಿ ಹಿತಚಿಂತಕ ಮುದ್ರಣಾಲಯವನ್ನು ತೆರೆದರು. 1926ರಲ್ಲಿ ಶಿವಾನುಭವ ಪತ್ರಿಕೆಯನ್ನು ಆರಂಭಿಸಿದರು. 1964ರಲ್ಲಿ ಲಿಂಗೈಕ್ಯರಾಗುವವರೆಗೂ ಅವರಿಗೆ ಅದೇ ಕಾಯಕ. 1993ರಲ್ಲಿ ಕರ್ನಾಟಕ ಸರ್ಕಾರವು 15 ಸಂಪುಟಗಳಲ್ಲಿ ಸಮಗ್ರ ವಚನಗಳನ್ನು ಹೊರತಂದಾಗ ಅದರ ಕೆಳಗೆ ಇದ್ದ ಅಡಿಗಲ್ಲು ಆ ಮನೆಮನೆಯ ಕಟ್ಟುಗಳೇ. ಬಸವಣ್ಣನವರ ಐತಿಹಾಸಿಕತೆಯ ವಿಷಯವೂ ಹಾಗೆಯೇ. ಕೆಲವು ವಿದ್ವಾಂಸರು ಅವರ ವಿಚಾರದಲ್ಲಿ ಸಂಶಯವನ್ನು ಎತ್ತಿದ್ದರು. ಹುಕ್ಕೇರಿ ತಾಲೂಕಿನ ಅರ್ಜುನವಾಡದಲ್ಲಿ ಯಾದವ ಕನ್ನರನ ಕಾಲದ, 1260ರ ಶಾಸನವು ಅವರ ಹೆಸರನ್ನೂ ಅವರ ಮನೆತನದವರನ್ನೂ ಹೇಳುವುದರಿಂದ ಆ ಸಂಶಯಕ್ಕೆ ಎಡೆಯಿಲ್ಲದಂತಾಯಿತು. ಕುಲವನ್ನು ಕಳೆದ ಮಹಾಪುರುಷನಿಗೆ ಸಾಕ್ಷಿಯಾಗಿ ನಿಂತುದು ಒಂದು ವಂಶಾವಳಿ!

ಹಣಕ್ಕಾಗಿ ಮಾತ್ರ ದಾಖಲೆಯನ್ನು ಕಾಪಾಡಿದವರೂ ಉಂಟು. 1852ರ ಕಾಯಿದೆಯಂತೆ ಮುಂಬಯಿ ಪ್ರಾಂತದ ಇನಾಮು ಆಯೋಗವು ಸನದುಗಳನ್ನು ತೋರಿಸಿರೆಂದಾಗ, ಕಾಗದವಿಲ್ಲದ ಎಷ್ಟೋ ಇನಾಮುದಾರರು ಭೂಮಿಯನ್ನು ಕಳೆದುಕೊಂಡರು. ಅಂದಿನಿಂದ ಕಾಗದದ ಬೆಲೆಯನ್ನು ಎಲ್ಲರೂ ಅರಿತರು. ಆದರೆ ಭೂಮಿಯ ಕಾಗದವನ್ನಷ್ಟೆ. ಅಜ್ಜನು ಪ್ರತಿಮಾಡಿದ ವಚನದ ಕಟ್ಟು ಅಟ್ಟದ ಮೇಲೆಯೇ ಉಳಿಯಿತು.

ಈಗ ಬರೆಯಲು ಕುಳಿತ ಗೃಹಸ್ಥರಿಗೆ ಒಂದೆರಡು ಸೂಚನೆಗಳು. ಹಳೆಯ ಬರವಣಿಗೆಯಲ್ಲಿ ಶಕವರ್ಷವಿಲ್ಲದೆ ಸಂವತ್ಸರದ ಹೆಸರು ಮಾತ್ರವಿದ್ದರೆ ಅವಸರಪಡಬಾರದು. ಅರವತ್ತು ವರ್ಷಕ್ಕೊಮ್ಮೆ ಅದೇ ಹೆಸರು ತಿರುಗಿ ಬರುತ್ತದೆ. ಪ್ಲವ ಸಂವತ್ಸರದಲ್ಲಿ ಮನೆ ಕಟ್ಟಿಸಿದರೆಂದಿದ್ದರೆ ಅದು 1901 ಆಗಬಹುದು, 1841 ಆಗಬಹುದು, 1961 ಕೂಡ ಆಗಬಹುದು. ಎಲ್ಲರಿಗೂ ತಿಳಿದ ಘಟನೆಯೊಡನೆ ಹೊಂದಿಸಿ ನೋಡಬೇಕು: ಧಾತು ಈಶ್ವರ ಸಂವತ್ಸರಗಳ ಮಹಾಕ್ಷಾಮವೆಂದರೆ 1876ರಿಂದ 1878; ಮನೆಯಲ್ಲಿ ಒಮ್ಮೆಗೇ ಮೂವರು ನಾಲ್ವರು ಜ್ವರದಿಂದ ತೀರಿಕೊಂಡರೆಂದು ವೃದ್ಧರು ಹೇಳಿದರೆ ಅದು 1918ರ ಇನ್‌ಫ್ಲುಯೆಂಜಾ ಇರಬಹುದೇ ಎಂದು ವಿಚಾರಿಸಬೇಕು. ತಿಳಿಯದ ಕಡೆ ಬರಿದಾಗಿ ಬಿಡಬೇಕು. ಒಂದು ಹೆಸರು ಕಡಮೆಯಾಯಿತೆಂದು ಪುರಾಣಪುರುಷನೊಬ್ಬನನ್ನು ತಂದು ಕೂರಿಸುವ ಚಪಲವು ಅಳಿಸುವುದಕ್ಕೆ ಸರಿಸಮಾನವಾದ ದೋಷ. ಓಲೆಗಳಿದ್ದರೆ ಮಜ್ಜಿಗೆಹುಲ್ಲಿನ ಎಣ್ಣೆಯನ್ನು ತೆಳುವಾಗಿ ಸವರಿ, ಶುದ್ಧ ಬಟ್ಟೆಯಲ್ಲಿ ಬಿಗಿಯಾಗಿ ಕಟ್ಟಿಡಬೇಕು; ತಾವು ಓದಲಾರದಿದ್ದರೆ ಓದಬಲ್ಲ ಸಂಸ್ಥೆಗಳಿಗೆ ತೋರಿಸಬೇಕು. ಧಾರವಾಡದ ಕನ್ನಡ ಸಂಶೋಧನ ಸಂಸ್ಥೆ, ಮೈಸೂರಿನ ಪ್ರಾಚ್ಯವಿದ್ಯಾ ಸಂಶೋಧನಾಲಯ, ವಿಜಯಪುರದಲ್ಲಿ ಹಳಕಟ್ಟಿಯವರ ಹೆಸರಿನ ಸಂಶೋಧನ ಕೇಂದ್ರ ಇವೆಲ್ಲ ಇಂಥ ಕೆಲಸಕ್ಕಾಗಿಯೇ ಇವೆ. ಮೊಬೈಲಿನಲ್ಲಿ ಚಿತ್ರ ತೆಗೆದರೆ ಸಾಕೆಂದು ಮೂಲವನ್ನು ನದಿಗೆ ಬಿಡುವವರಿದ್ದಾರೆ; ಅದು ಭಕ್ತಿಯೂ ಅಲ್ಲ, ಬುದ್ಧಿಯೂ ಅಲ್ಲ.

ಒಂದು ಕೊರತೆಯನ್ನು ಮಾತ್ರ ಹೇಳದೆ ಬಿಡಲಾರೆ. ಹೆಳವರ ಹೊತ್ತಗೆಗಳಾಗಲಿ ಭೂಮಿಯ ಕಾಗದಗಳಾಗಲಿ ಸಾಮಾನ್ಯವಾಗಿ ಗಂಡುಸಂತತಿಯನ್ನೇ ಹಿಡಿದು ನಡೆಯುತ್ತವೆ. ನಮ್ಮ ಶಾಲೆಯಲ್ಲಿ ಏಳನೆಯ ತರಗತಿಯ ಮಕ್ಕಳಿಗೆ ಹಿರಿಯರ ಹೆಸರುಗಳನ್ನು ಬರೆದು ತರಲು ಹೇಳಿದಾಗ ಮುತ್ತಜ್ಜನ ಹೆಸರನ್ನು ಬಹುಮಂದಿ ತಂದರು. ಮುತ್ತಜ್ಜಿಯ ಹೆಸರನ್ನು ತಂದವರು ಇಬ್ಬರೇ. ಮೂವತ್ತಕ್ಕೂ ಹೆಚ್ಚು ಶರಣೆಯರ ವಚನಗಳು ಉಳಿದುಬಂದ ಪರಂಪರೆಯವರು ನಾವು. ಅಕ್ಕಮಹಾದೇವಿಯ ಹೆಸರು ಉಳಿದದ್ದು ಯಾವ ಗಂಡನ ವಂಶಾವಳಿಯಿಂದಲೂ ಅಲ್ಲ. ಗಂಡನು ತಂದ ಅಕ್ಕಿ ಹೆಚ್ಚಾಯಿತೆಂದು ಅವನನ್ನೇ ತಿದ್ದಿದ ಲಕ್ಕಮ್ಮನ ಹೆಸರನ್ನು ಉಳಿಸಿಕೊಂಡವರು, ನಮ್ಮ ಮನೆಗೆ ಬಂದು ಜೀವಮಾನವಿಡೀ ಬೀಸಿ ಕುಟ್ಟಿ ಜಂಗಮಕ್ಕೆ ನೀಡಿದವಳ ಹೆಸರನ್ನು ಎರಡೇ ತಲೆಮಾರಿನಲ್ಲಿ ಕಳೆದುಕೊಳ್ಳುತ್ತೇವೆ. ಇದಕ್ಕೆ ಪರಿಹಾರವು ಮನೆಯ ವೃದ್ಧೆಯರಲ್ಲಿದೆ. ತಮ್ಮ ತಾಯಿ, ಅತ್ತೆ, ಅತ್ತೆಯ ಅತ್ತೆ, ಅವರ ತವರೂರುಗಳು ಅವರಿಗೆ ನೆನಪಿರುತ್ತವೆ. ಅವರನ್ನು ಕೇಳುವ ಕೆಲಸವನ್ನು ಮುಂದಿನ ವರ್ಷಕ್ಕೆ ಹಾಕಬಾರದು.

ಸುಗ್ಗಿಯ ಬಳಿಕ ಹೆಳವನು ಬಾಗಿಲಿಗೆ ಬಂದಾಗ ಮನೆಯವರೆಲ್ಲ ಕೂಡಿ ಕುಳಿತು ಮೊದಲಿನಿಂದ ಓದಿಸಿರಿ. ಯಾವ ತಲೆಮಾರನ್ನೂ ಬಿಡಬೇಡವೆಂದು ಹೇಳಿರಿ. ಮೂಲಪುರುಷನು ಯಾವ ಕಾಯಕದವನಾಗಿದ್ದನು, ಅವನಿಗೆ ಲಿಂಗವನ್ನು ಕೊಟ್ಟ ಗುರುಗಳು ಯಾವ ಮಠದವರು ಎಂಬುದನ್ನು ಕೇಳಿ ಬರೆದುಕೊಳ್ಳಿರಿ. ಓದಿ ಮುಗಿದ ಮೇಲೆ, ಈ ವರ್ಷ ಮನೆಯಲ್ಲಿ ಹುಟ್ಟಿದ್ದು ಹೆಣ್ಣುಕೂಸಾಗಿದ್ದರೆ ಅದರ ಹೆಸರನ್ನೂ, ಅದನ್ನು ಹೆತ್ತವಳ ಹೆಸರನ್ನೂ ಹೊತ್ತಗೆಯಲ್ಲಿ ಬರೆಯಿಸಿ, ಆಮೇಲೆ ಕಾಳನ್ನು ಅಳೆಯಿರಿ.